ಒಂದೇ ಪಾನಪಾತ್ರೆ ಮತ್ತು ಎಂಜಲಿನ ಪ್ರಶ್ನೆ: ಗದಗ ಸೀಮೆಯ ಸಭಾಸೇವೆಯ ಹಿನ್ನೆಲೆಯಲ್ಲಿ ಒಂದು ವಿವೇಚನೆ

ಕರ್ತನ ಭೋಜನದ ಆಚರಣೆಯಲ್ಲಿ ಸಭಾಪಾಲಕರ ಮುಂದೆ ಇಂದು ಪದೇ ಪದೇ ಬರುವ ಪ್ರಶ್ನೆಯೊಂದಿದೆ. ಸಭೆಯವರೆಲ್ಲರೂ ಒಂದೇ ಪಾನಪಾತ್ರೆಗೆ ತುಟಿಯಿಟ್ಟು ಕುಡಿಯಬೇಕೇ, ಅಥವಾ ಒಬ್ಬೊಬ್ಬರಿಗೆ ಒಂದೊಂದು ಚಿಕ್ಕ ಲೋಟವನ್ನು ಕೊಡಬಹುದೇ? ಬಹುತೇಕ ಕಡೆಗಳಲ್ಲಿ ಇದು ಆರೋಗ್ಯದ ವಿಷಯವೆಂದು ಪರಿಗಣಿಸಲ್ಪಟ್ಟು, ಸಭಾಸಮಿತಿಯ ಒಂದು ಕೂಟದಲ್ಲಿ ನಿರ್ಣಯವಾಗಿಬಿಡುತ್ತದೆ. ಆದರೆ ಒಬ್ಬರ ಪಾತ್ರೆಯನ್ನು ಮತ್ತೊಬ್ಬರು ಮುಟ್ಟದಿರುವುದನ್ನೇ ಹಿರಿಮೆ ಕಿರಿಮೆಗಳ ಗುರುತನ್ನಾಗಿ ಮಾಡಿಕೊಂಡಿದ್ದ ನಾಡಿನಲ್ಲಿ ಈ ಪ್ರಶ್ನೆಯನ್ನು ಆರೋಗ್ಯದ ಪ್ರಶ್ನೆಯಾಗಿ ಮಾತ್ರ ನೋಡುವುದು ಸಾಲದು. ಗದಗ-ಬೆಟಗೇರಿ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿಗಳಂಥ ಊರುಗಳಲ್ಲಿ ಸೇವೆ ಮಾಡುವವರು ರೋಗದ ಭಯವನ್ನೂ ಎಂಜಲಿನ ಅಳುಕನ್ನೂ ಬೇರೆ ಬೇರೆಯಾಗಿ ಗುರುತಿಸಲು ಕಲಿಯಬೇಕೆಂಬುದು ಈ ಲೇಖನದ ಆಶಯ.

ಶಾಸ್ತ್ರದಲ್ಲಿ ಪಾನಪಾತ್ರೆ

ಹಳೆಯ ಒಡಂಬಡಿಕೆಯಲ್ಲಿ ಪಾತ್ರೆಯೆಂಬುದು ಒಬ್ಬನ ಪಾಲಿಗೆ ಬಂದದ್ದನ್ನು ಸೂಚಿಸುವ ಮಾತು. ಕೀರ್ತನೆ 116:13ರಲ್ಲಿ ಅದು ರಕ್ಷಣೆಯ ಪಾತ್ರೆ. ಕೀರ್ತನೆ 75:8 ಮತ್ತು ಯೆಶಾಯ 51:17ರಲ್ಲಿ ಅದು ದೇವರ ರೌದ್ರದ ಪಾತ್ರೆ. ಯಾಕೋಬ ಯೋಹಾನರು ಮಹಿಮೆಯ ಆಸನಗಳನ್ನು ಬೇಡಿದಾಗ ಕರ್ತನು ತನ್ನ ಪಾತ್ರೆಯಲ್ಲಿ ಕುಡಿಯಲು ನಿಮ್ಮಿಂದಾದೀತೇ ಎಂದು ಅವರನ್ನು ಕೇಳುತ್ತಾನೆ (ಮಾರ್ಕ 10:38). ಹೀಗೆ, ಒಬ್ಬನ ಪಾತ್ರೆಯಲ್ಲಿ ಕುಡಿಯುವುದೆಂದರೆ ಅವನ ಪಾಲನ್ನು ಹಂಚಿಕೊಳ್ಳುವುದು ಎಂಬ ಅರ್ಥವು ಕಡೆಯ ಭೋಜನಕ್ಕೆ ಮುಂಚೆಯೇ ಸಿದ್ಧವಾಗಿತ್ತು.

ಆ ರಾತ್ರಿಯ ವೃತ್ತಾಂತದಲ್ಲಿ ಮಾರ್ಕನು ಒಂದು ವಿಶೇಷವನ್ನು ಕಾಣಿಸುತ್ತಾನೆ. ಶಿಷ್ಯರೆಲ್ಲರೂ ಅದೇ ಪಾತ್ರೆಯಲ್ಲಿ ಕುಡಿದರೆಂದು ಮೊದಲು ಹೇಳಿ, ರಕ್ತದ ಕುರಿತಾದ ಮಾತನ್ನು ಆಮೇಲೆ ಇಡುತ್ತಾನೆ (14:23-24). ಎಲ್ಲರೂ ಕುಡಿಯುವ ಕ್ರಿಯೆ ನಡೆದ ಮೇಲೆ ಅದರ ಅರ್ಥವನ್ನು ಕರ್ತನು ತಿಳಿಸುತ್ತಾನೆ. ಮತ್ತಾಯನಲ್ಲಿ ಎಲ್ಲರೂ ಕುಡಿಯಬೇಕೆಂಬುದು ಆಜ್ಞೆಯಾಗಿಯೇ ಬಂದಿದೆ (26:27). ಲೂಕನು ಎರಡು ಪಾತ್ರೆಗಳನ್ನು ಹೇಳುತ್ತಾನೆ. ಮೊದಲನೆಯದನ್ನು ನಿಮ್ಮೊಳಗೆ ಹಂಚಿಕೊಳ್ಳಿರಿ ಎಂಬ ಮಾತು (22:17) ತಮ್ಮ ತಮ್ಮ ಪಾತ್ರೆಗಳಿಗೆ ಸುರಿದುಕೊಳ್ಳುವುದನ್ನು ಸೂಚಿಸುತ್ತದೆಂದು ಬಿಡಿ ಲೋಟಗಳ ಪಕ್ಷದವರು ವಾದಿಸುತ್ತಾರೆ. ಆ ವಾದವನ್ನು ಹಗುರಾಗಿ ತಳ್ಳಿಹಾಕಲಾಗದು. ಆದರೂ ಹಂಚಲ್ಪಟ್ಟದ್ದು ಒಂದೇ ಪಾತ್ರೆಯಿಂದ ಎಂಬುದರಲ್ಲಿ ಸುವಾರ್ತಿಕರಲ್ಲಿ ಭೇದವಿಲ್ಲ.

ಪೌಲನು ಪಾತ್ರೆಯನ್ನು ಕ್ರಿಸ್ತನ ರಕ್ತದಲ್ಲಿ 'ಕೊಯಿನೋನಿಯಾ', ಎಂದರೆ ಸಹಭಾಗಿತ್ವ, ಎಂದು ಕರೆಯುತ್ತಾನೆ (1 ಕೊರಿಂಥ 10:16). ಮರುಅಧ್ಯಾಯದಲ್ಲಿ ಅವನು ಖಂಡಿಸುವುದು ಉಳ್ಳವರು ಮೊದಲೇ ಉಂಡು ಕುಡಿದು, ಇಲ್ಲದವರನ್ನು ನಾಚಿಕೆಪಡಿಸಿದ್ದನ್ನು. ಕೊರಿಂಥದಲ್ಲಿ ಕೆಟ್ಟದ್ದು ರೊಟ್ಟಿಯೂ ಅಲ್ಲ, ದ್ರಾಕ್ಷಾರಸವೂ ಅಲ್ಲ. ಮೇಜಿನ ಸುತ್ತಲಿನ ಸಂಬಂಧಗಳು ಕೆಟ್ಟಿದ್ದವು. ಆದಕಾರಣ ಅದು ಕರ್ತನ ಭೋಜನವೇ ಅಲ್ಲವೆಂದು ಅಪೊಸ್ತಲನು ಹೇಳುತ್ತಾನೆ.

ನಮ್ಮ ವಿಷಯಕ್ಕೆ ಅತಿ ಸಮೀಪವಾದ ವಾಕ್ಯವು ಭೋಜನದ ಅಧ್ಯಾಯಗಳ ಹೊರಗಿದೆ. ಯೋಹಾನ 4:9ರಲ್ಲಿ ಯೆಹೂದ್ಯರಿಗೂ ಸಮಾರ್ಯದವರಿಗೂ ಇದ್ದ ಅಂತರವನ್ನು ತಿಳಿಸುವ 'ಸುಂಖ್ರೋನ್ತಾಯ್' ಎಂಬ ಗ್ರೀಕ್ ಕ್ರಿಯಾಪದಕ್ಕೆ ಬಳಕೆಯಿಲ್ಲ, ಹೊಕ್ಕುಬಳಕೆಯಿಲ್ಲ ಎಂಬ ಸಾಮಾನ್ಯ ಅರ್ಥವನ್ನು ಹೇಳುವುದುಂಟು. ಆದರೆ 'ಕೂಡಿ ಉಪಯೋಗಿಸು' ಎಂಬುದು ಅದರ ಮೂಲಾರ್ಥ. ಅವರು ಒಂದೇ ಪಾತ್ರೆಯನ್ನು ಕೂಡಿ ಬಳಸುತ್ತಿರಲಿಲ್ಲ ಎಂದೇ ಇಲ್ಲಿ ಅರ್ಥಮಾಡಬೇಕೆಂದು ಡೇವಿಡ್ ಡೌಬ್ ಎಂಬ ವಿದ್ವಾಂಸರು 1950ರಲ್ಲಿ ವಾದಿಸಿದರು. ಆ ಅರ್ಥದಲ್ಲಿ ಓದಿದರೆ ಸ್ತ್ರೀಯ ಬೆರಗು ಸ್ಪಷ್ಟವಾಗುತ್ತದೆ. ಸೇದಲು ಕೈಯಲ್ಲಿ ಏನೂ ಇಲ್ಲದ ಯೆಹೂದ್ಯನೊಬ್ಬನು ಅವಳ ಕೊಡದಿಂದಲೇ ಕುಡಿಯಬೇಕಾಗಿತ್ತು. ಬಾವಿಕಟ್ಟೆಯ ಈ ಸಂಗತಿಯನ್ನು ನಮ್ಮ ಹಳ್ಳಿಗಳ ಜನರಿಗೆ ವಿವರಿಸುವ ಅಗತ್ಯವೇ ಇಲ್ಲ. ಯಾರ ಕೊಡ, ಯಾರ ನೀರು ಎಂಬ ಪ್ರಶ್ನೆಯನ್ನು ಅವರು ತಲೆಮಾರುಗಳಿಂದ ಬಲ್ಲರು.

ಪಾತ್ರೆಯನ್ನು ತಡೆದ ಚರಿತ್ರೆ

ಪಾತ್ರೆಯು ಐಕ್ಯದ ಗುರುತಾಗಿದ್ದಂತೆ ಭೇದದ ಗುರುತೂ ಆದ ಉದಾಹರಣೆ ಸಭಾಚರಿತ್ರೆಯಲ್ಲಿದೆ. ಪಾಶ್ಚಾತ್ಯ ಸಭೆಯಲ್ಲಿ ಮಧ್ಯಯುಗದ ವೇಳೆಗೆ ಜನಸಾಮಾನ್ಯರಿಗೆ ರೊಟ್ಟಿಯನ್ನು ಮಾತ್ರ ಕೊಡುವ ರೂಢಿ ಬೆಳೆದು, 1415ರಲ್ಲಿ ಕಾನ್‌ಸ್ಟನ್ಸ್ ಮಹಾಸಭೆಯು ಅದನ್ನು ಶಾಸನವಾಗಿಯೇ ವಿಧಿಸಿತು. ಪಾತ್ರೆಯು ಯಾಜಕನಿಗೆ ಮೀಸಲಾಯಿತು. ಅದೇ ವರ್ಷ ಯಾನ್ ಹುಸ್‌ರನ್ನು ಸುಟ್ಟುಹಾಕಲಾಯಿತು. ಬೊಹೇಮಿಯಾದಲ್ಲಿ ಅವರ ಅನುಯಾಯಿಗಳು ಪಾನಪಾತ್ರೆಯನ್ನೇ ತಮ್ಮ ಧ್ವಜದ ಚಿಹ್ನೆಯನ್ನಾಗಿ ಮಾಡಿಕೊಂಡರು. ಬಹಳ ರಕ್ತಪಾತವಾದ ಮೇಲೆ ಬಾಸೆಲ್ ನಗರದಲ್ಲಿ ಕೂಡಿದ ಮಹಾಸಭೆಯೊಡನೆ ಒಪ್ಪಂದವಾಗಿ, 1436ರಲ್ಲಿ ಅದು ಘೋಷಿಸಲ್ಪಟ್ಟು, ಬೊಹೇಮಿಯಾದ ಜನಸಾಮಾನ್ಯರಿಗೆ ಪಾತ್ರೆಯು ಮರಳಿ ದೊರೆಯಿತು. 1462ರಲ್ಲಿ ಎರಡನೆಯ ಪಿಯುಸ್ ಪೋಪರು ಆ ಒಪ್ಪಂದವನ್ನು ರದ್ದುಪಡಿಸಿದರು. ಮುಂದೆ ಲೂಥರ್ ಮೊದಲಾದ ಸುಧಾರಕರು ಪಾತ್ರೆಯನ್ನು ಸಭೆಯ ಎಲ್ಲರಿಗೂ ತೆರೆದರು. ರೋಮನ್ ಕಥೋಲಿಕ ಸಭೆಯೂ 1963ರಲ್ಲಿ ಎರಡನೆಯ ವ್ಯಾಟಿಕನ್ ಮಹಾಸಭೆಯ ಆರಾಧನಾ ವಿಧಾನದ ಮೂಲಕ, ಕೆಲವು ಸಂದರ್ಭಗಳಲ್ಲಿ ಜನಸಾಮಾನ್ಯರಿಗೆ ಎರಡೂ ವಿಧಗಳಲ್ಲಿ ಸಂಸ್ಕಾರವನ್ನು ಕೊಡಲು ಅವಕಾಶವಿತ್ತಿತು.

ಪೂರ್ವದ ಆರ್ಥೊಡಾಕ್ಸ್ ಸಭೆಗಳಲ್ಲಿ ಜನರಿಗೆ ಪಾತ್ರೆಯು ತಪ್ಪಿಹೋಗಲೇ ಇಲ್ಲ. ಗ್ರೀಕ್ ಪದ್ಧತಿಯವರು ರೊಟ್ಟಿಯನ್ನು ದ್ರಾಕ್ಷಾರಸದಲ್ಲಿ ಕೂಡಿಸಿ ಒಂದೇ ಚಮಚದಿಂದ ಎಲ್ಲರ ಬಾಯಿಗೆ ಇಡುತ್ತಾರೆ. ತುಟಿಗೆ ಪಾತ್ರೆ ತಾಗುವುದೊಂದೇ ಐಕ್ಯದ ರೂಪವಲ್ಲವೆಂಬುದಕ್ಕೆ ಇದು ನಿದರ್ಶನ.

ನಮ್ಮ ಸೀಮೆಯ ಪಾತ್ರೆಗಳು

ನಮ್ಮ ನಾಡಿನ ಪವಿತ್ರಪಾನದ ಸಂಪ್ರದಾಯಗಳನ್ನು ಗಮನಿಸಿದರೆ ಒಂದು ಸಂಗತಿ ಎದ್ದುಕಾಣುತ್ತದೆ. ದೇವಾಲಯಗಳಲ್ಲಿ ತೀರ್ಥವು ಒಂದೇ ಪಾತ್ರೆಯಲ್ಲಿರುತ್ತದೆ. ಆದರೆ ಅದು ಉದ್ಧರಣೆಯಿಂದ ಒಬ್ಬೊಬ್ಬರ ಬಲ ಅಂಗೈಗೆ ಬೀಳುತ್ತದೆ. ಪಾತ್ರೆಯ ಅಂಚಿಗೆ ಯಾರ ತುಟಿಯೂ ತಾಗುವುದಿಲ್ಲ. ಮಠಗಳ ನೆಲೆವೀಡಾದ ಈ ಸೀಮೆಯಲ್ಲಿ ಪಾದೋದಕ ಪ್ರಸಾದಗಳು ಅಷ್ಟಾವರಣದ ಅಂಗಗಳು. ಇಷ್ಟಲಿಂಗದ ಉದಕವನ್ನು ಭಕ್ತನು ತನ್ನ ಅಂಗೈಯಿಂದಲೇ ಸ್ವೀಕರಿಸುತ್ತಾನೆ. ಶರಣರ ಚಳವಳಿಯಲ್ಲಿ ಪ್ರಸಾದಕ್ಕೆ ಕುಲದ ಎಣಿಕೆಯನ್ನು ಮೀರುವ ಬಲವಿತ್ತೆಂಬುದನ್ನು ನಾವು ಗೌರವದಿಂದ ನೆನೆಯಬೇಕು. ಬಸವಣ್ಣನವರು ಅಂತ್ಯಜರೆನಿಸಿದ್ದ ಭಕ್ತರ ಮನೆಯಲ್ಲಿ ಪ್ರಸಾದ ಸ್ವೀಕರಿಸಿದ ಕಥೆಯನ್ನು ನಮ್ಮ ನೆರೆಯವರು ಇಂದಿಗೂ ಹೇಳುತ್ತಾರೆ. ಆ ಕಥೆ ತಿಳಿದವರಿಗೆ ಕರ್ತನ ಮೇಜಿನ ಅರ್ಥವು ತೀರ ಹೊರಗಿನದೆನಿಸಲಾರದು.

ಮನೆಬಳಕೆಯಲ್ಲಿ ಎಂಜಲು ದೂರವಿಡತಕ್ಕದ್ದು. ತಂಬಿಗೆಯನ್ನು ಎತ್ತಿ, ತುಟಿಗೆ ತಾಗಿಸದೆ, ನೀರನ್ನು ಬಾಯಿಗೆ ಹೊಯ್ದುಕೊಳ್ಳುವುದನ್ನು ನಮ್ಮ ಮಕ್ಕಳು ಚಿಕ್ಕಂದಿನಲ್ಲೇ ಕಲಿಯುತ್ತಾರೆ. ಒಂದೇ ತಂಬಿಗೆಯಿಂದ ಹತ್ತು ಜನ ಕುಡಿದರೂ ಯಾರ ಎಂಜಲೂ ಯಾರಿಗೂ ತಾಗದು. ಈ ನಿಯಮವು ಪ್ರೀತಿಯ ಮುಂದೆ ಸಡಿಲವಾಗುತ್ತದೆ. ತಾಯಿ ಮಗುವಿನ ಎಂಜಲನ್ನು ಉಣ್ಣುತ್ತಾಳೆ. ಮದುವೆಯ ಭೂಮದ ಊಟದಲ್ಲಿ ವಧೂವರರೂ ಬೀಗರೂ ಒಂದೇ ದೊಡ್ಡ ಗಂಗಾಳದಲ್ಲಿ ಕೈಯಿಟ್ಟು ಉಣ್ಣುತ್ತಾರೆ. ನಿನ್ನೆಯವರೆಗೆ ಬೇರೆಯಾಗಿದ್ದ ಎರಡು ಮನೆಗಳು ಇಂದು ಒಂದಾದವೆಂದು ಎಲ್ಲರೂ ಕಾಣುವಂತೆ ಸಾರುವ ವಿಧಾನವದು. ಶಬರಿಯು ಕಚ್ಚಿ ನೋಡಿ ಕೊಟ್ಟ ಹಣ್ಣಿನ ಕಥೆಯನ್ನು ಜನರು ಕಣ್ಣೀರಿಟ್ಟು ಕೇಳುವುದೂ ಇದೇ ಕಾರಣದಿಂದ. ಎಂಜಲನ್ನು ಒಪ್ಪಿಕೊಂಡಲ್ಲಿ ನಂಟು ಉಂಟಾಯಿತೆಂದು ನಮ್ಮ ಜನಪದವು ಬಲ್ಲದು.

ಆದರೆ ಅದೇ ಕೈಚಲನೆಗೆ ಮತ್ತೊಂದು ಮುಖವಿದೆ. ಕೆರೆಬಾವಿಗಳನ್ನು ಮುಟ್ಟಲು ಬಿಡದಿದ್ದವರಿಗೆ ಮೇಲಿನವರು ಬೊಗಸೆಗೆ ನೀರು ಹೊಯ್ಯುತ್ತಿದ್ದರು. ಅಂಗೈಗೆ ಬಿದ್ದ ತೀರ್ಥವು ಗೌರವವಾದರೆ, ಬೊಗಸೆಗೆ ಎತ್ತರದಿಂದ ಬಿದ್ದ ನೀರು ಅಪಮಾನ. ನೀರು ಒಂದೇ, ಕೈ ಒಂದೇ. ಹೊಯ್ಯುವವನ ಮನಸ್ಸು ಬೇರೆ. ಆಧುನಿಕ ಕಾಲದಲ್ಲಿ ಈ ಅಪಮಾನವು ಚಹಾದಂಗಡಿಯೊಳಗೆ ಎರಡು ಲೋಟ ಪದ್ಧತಿಯಾಗಿ ಬಂದಿತು: ಎಲ್ಲರಿಗೆ ಒಂದು ಬಗೆಯ ಲೋಟ, ದಲಿತರಿಗೆ ಹೊರಗೆ ಇಟ್ಟ ಬೇರೆ ಲೋಟ, ಕುಡಿದ ಮೇಲೆ ಅವರೇ ತೊಳೆದಿಡಬೇಕು.

ಈ ಅನ್ಯಾಯದ ವಿರುದ್ಧ ನಡೆದ ಹೋರಾಟವು ಬಹುಮಟ್ಟಿಗೆ ನೀರಿನ ಮತ್ತು ಪಾತ್ರೆಯ ಹೋರಾಟವೇ ಆಗಿತ್ತು. 1923ರಲ್ಲಿ ಮುಂಬಯಿ ಶಾಸನಸಭೆಯು ಎಸ್. ಕೆ. ಬೋಲೆಯವರ ಠರಾವನ್ನು ಅಂಗೀಕರಿಸಿ ಸಾರ್ವಜನಿಕ ಕೆರೆಬಾವಿಗಳನ್ನು ಅಸ್ಪೃಶ್ಯರೆನಿಸಿದವರಿಗೆ ತೆರೆಯಬೇಕೆಂದಿತು. ಆಗ ಗದಗವು ಮುಂಬಯಿ ಪ್ರಾಂತದ ಧಾರವಾಡ ಜಿಲ್ಲೆಗೆ ಸೇರಿತ್ತು. ಶಿರಹಟ್ಟಿಯು ಸಾಂಗ್ಲಿ ಸಂಸ್ಥಾನಕ್ಕೂ ಲಕ್ಷ್ಮೇಶ್ವರವು ಮಿರಜ ಸಂಸ್ಥಾನಕ್ಕೂ ಸೇರಿದ್ದವು. ಠರಾವು ಕಾಗದದಲ್ಲೇ ಉಳಿದುದರಿಂದ 1927ರ ಮಾರ್ಚ್ 20ರಂದು ಡಾ. ಅಂಬೇಡ್ಕರರು ಮಹಾಡದ ಚವದಾರ ಕೆರೆಗೆ ಜನರನ್ನು ಕರೆದೊಯ್ದು ನೀರು ಕುಡಿದರು. ಸ್ವತಂತ್ರ ಭಾರತದ ಸಂವಿಧಾನವು 17ನೆಯ ಅನುಚ್ಛೇದದಲ್ಲಿ ಅಸ್ಪೃಶ್ಯತೆಯನ್ನು ರದ್ದುಗೊಳಿಸಿತು. 1955ರ ನಾಗರಿಕ ಹಕ್ಕುಗಳ ರಕ್ಷಣಾ ಕಾಯಿದೆಯು ತನ್ನ 4ನೆಯ ಕಲಮಿನಲ್ಲಿ ಹೊಟೇಲು ಧರ್ಮಶಾಲೆಗಳ ಪಾತ್ರೆಗಳ ಬಳಕೆಯನ್ನೇ ಹೆಸರಿಸಿ, ಅದಕ್ಕೆ ಅಡ್ಡಿಮಾಡುವುದನ್ನು ಅಪರಾಧವೆಂದು ಸಾರಿತು. ಒಂದು ದೇಶದ ಕಾನೂನು ಲೋಟದ ಮಾತನ್ನು ಎತ್ತಬೇಕಾಯಿತೆಂದರೆ, ಲೋಟವು ಎಷ್ಟು ದೊಡ್ಡ ಗೋಡೆಯಾಗಿತ್ತೆಂಬುದನ್ನು ಊಹಿಸಬಹುದು.

ಬೆಟಗೇರಿಗೆ ಬಂದ ಪಾತ್ರೆ

ಪಾತ್ರೆಯ ಒಪ್ಪಂದಕ್ಕೆ ಹೆಸರಾದ ಬಾಸೆಲ್ ನಗರದಲ್ಲಿಯೇ 1815ರಲ್ಲಿ ಬಾಸೆಲ್ ಮಿಷನ್ ಹುಟ್ಟಿತು. ಅದರ ಸೇವಕರು 1834ರಲ್ಲಿ ಮಂಗಳೂರಿಗೆ, 1837ರಲ್ಲಿ ಧಾರವಾಡಕ್ಕೆ, 1839ರಲ್ಲಿ ಹುಬ್ಬಳ್ಳಿಗೆ, 1841ರಲ್ಲಿ ಬೆಟಗೇರಿಗೆ ಬಂದರು. ಅದೇ ದಶಕದಲ್ಲಿ ಬೆಟಗೇರಿಯ ಹತ್ತಿರದ ಮಲಸಮುದ್ರದಲ್ಲಿ ಒಂದು ಕೃಷಿನೆಲೆಯನ್ನು ಕಟ್ಟುವ ಪ್ರಯತ್ನವನ್ನೂ ಅವರು ಮಾಡಿದರು.

ಮಿಷನರಿಗಳ ಕಾಲದಲ್ಲಿ ಜಾತಿಯ ಪ್ರಶ್ನೆಯು ತೀಕ್ಷ್ಣವಾಗಿ ಎದುರಾದ ಸ್ಥಳಗಳಲ್ಲಿ ಕರ್ತನ ಮೇಜೂ ಒಂದು. ತಮಿಳುನಾಡಿನ ಹಳೆಯ ಸಭೆಗಳಲ್ಲಿ ಮೇಲ್ಜಾತಿಯಿಂದ ಬಂದವರು ಬೇರೆ ಕುಳಿತು, ಮೊದಲು ಸಂಸ್ಕಾರ ಪಡೆಯುವ ವಾಡಿಕೆ ಬೇರೂರಿತ್ತು. 1833ರಲ್ಲಿ ಕಲ್ಕತ್ತೆಯ ಬಿಷಪ್ ಡೇನಿಯಲ್ ವಿಲ್ಸನ್ನರು ಜಾತಿಭೇದವನ್ನು ಸಭೆಯಿಂದ ಪೂರ್ತಿಯಾಗಿ ತೊಲಗಿಸಬೇಕೆಂದು ಪತ್ರ ಬರೆದಾಗ ತಂಜಾವೂರು ಮದ್ರಾಸುಗಳಲ್ಲಿ ಅನೇಕರು ಸಭೆಯನ್ನೇ ಬಿಟ್ಟುಹೋದರು. ಬಾಸೆಲ್ ಮಿಷನ್ನಿನವರು ಮೊದಲಿನಿಂದಲೂ ಜಾತಿಗೆ ಸಭೆಯೊಳಗೆ ಎಡೆಗೊಡಲು ನಿರಾಕರಿಸಿದರು. ಸಾರಸ್ವತ ಬ್ರಾಹ್ಮಣ ಮನೆತನದ ಆನಂದರಾವ್ ಕೌಂಡಿನ್ಯರು 1844ರಲ್ಲಿ ಮಂಗಳೂರಿನಲ್ಲಿ ದೀಕ್ಷಾಸ್ನಾನ ಹೊಂದಿ, ಹೆರ್ಮನ್ ಎಂಬ ಹೆಸರನ್ನು ತಾಳಿ, ಮುಂದೆ ಬಾಸೆಲಿನಲ್ಲಿ ಓದಿ ಬೋಧಕರಾದರು. ಅವರು ಸೇರಿದ ಮಂಗಳೂರಿನ ಸಭೆಯಲ್ಲಿ ಬಿಲ್ಲವರು ಬಹುಸಂಖ್ಯಾತರಾಗಿದ್ದರು. ಅವರೊಡನೆ ಒಂದೇ ಮೇಜಿಗೆ ಬರುವುದೆಂದರೆ ಆ ಕಾಲದ ಸಮಾಜದ ಕಣ್ಣಿನಲ್ಲಿ ಹುಟ್ಟಿದ ಕುಲವನ್ನು ಹಿಂದಿರುಗಲಾರದಂತೆ ಬಿಡುವುದೇ ಆಗಿತ್ತು. ಪಾನಪಾತ್ರೆಯು ಅವರ ಪಾಲಿಗೆ ಅಲಂಕಾರದ ಚಿಹ್ನೆಯಾಗಿರಲಿಲ್ಲ.

ಬಿಡಿ ಲೋಟಗಳು ಮತ್ತು ಆರೋಗ್ಯದ ಮಾತು

ಬಿಡಿ ಲೋಟಗಳ ಪದ್ಧತಿಯು ಹತ್ತೊಂಬತ್ತನೆಯ ಶತಮಾನದ ಕೊನೆಯ ದಶಕದಲ್ಲಿ ಅಮೆರಿಕದಲ್ಲಿ ಹಬ್ಬಿತು. ರೋಗಾಣುಗಳ ಜ್ಞಾನವು ಆಗತಾನೆ ಜನರನ್ನು ಮುಟ್ಟಿತ್ತು. ಕ್ಷಯರೋಗದ ಭೀತಿ ಬಲವಾಗಿತ್ತು. ಮದ್ಯವರ್ಜನೆಯ ಚಳವಳಿಯೂ ಜೊತೆಗೂಡಿ, 1869ರಲ್ಲಿ ಥಾಮಸ್ ವೆಲ್ಚ್ ಹುಳಿಯೇರದ ದ್ರಾಕ್ಷಿರಸವನ್ನು ಸಂಸ್ಕಾರಕ್ಕಾಗಿ ಸಿದ್ಧಪಡಿಸಿದ್ದರು. ಇವೆರಡೂ ವಿವಿಧ ಮಿಷನ್ನುಗಳ ಮೂಲಕ ನಮ್ಮ ದೇಶಕ್ಕೂ ಬಂದವು. 1947ರ ಸೆಪ್ಟೆಂಬರ್ 27ರಂದು ಆಂಗ್ಲಿಕನ್, ಮೆಥಡಿಸ್ಟ್, ಪ್ರೆಸ್ಬಿಟೇರಿಯನ್, ಕಾಂಗ್ರಿಗೇಷನಲ್ ಪರಂಪರೆಗಳು ಕೂಡಿ ದಕ್ಷಿಣ ಭಾರತ ಸಭೆಯಾದಾಗ ಪಾತ್ರೆಯ ವಿಷಯದಲ್ಲಿ ಬೇರೆ ಬೇರೆ ರೂಢಿಗಳು ಒಂದೇ ಮನೆಗೆ ಬಂದವು. 2020ರ ಕೊರೊನಾ ಪಿಡುಗಿನ ನಂತರವಂತೂ ಲೋಕದ ಅನೇಕ ಸಭೆಗಳಂತೆ ನಮ್ಮ ಸಭೆಗಳಲ್ಲಿ ಹಲವು ಬಿಡಿ ಲೋಟಕ್ಕೆ ಅಥವಾ ರೊಟ್ಟಿಯನ್ನು ಅದ್ದಿ ಕೊಡುವ ಕ್ರಮಕ್ಕೆ ತಿರುಗಿದವು.

ವಿಜ್ಞಾನವು ಈ ವಿಷಯದಲ್ಲಿ ಏನು ಹೇಳುತ್ತದೆ? 1943ರಲ್ಲಿ ಬರೋಸ್ ಮತ್ತು ಹೆಮೆನ್ಸ್ ಎಂಬವರು ಬೆಳ್ಳಿಯ ಪಾತ್ರೆಯ ಮೇಲೆ ಪ್ರಯೋಗ ನಡೆಸಿ, ಅಂಚನ್ನು ಒರೆಸಿ ಪಾತ್ರೆಯನ್ನು ತಿರುಗಿಸುತ್ತ ಕೊಟ್ಟರೆ ರೋಗಾಣುಗಳು ಒಬ್ಬರಿಂದ ಒಬ್ಬರಿಗೆ ಸಾಗುವುದು ಬಹಳ ಕಡಿಮೆಯೆಂದು ಕಂಡರು. 1967ರ ಇನ್ನೊಂದು ಪ್ರಯೋಗದಲ್ಲಿ ಶುಭ್ರವಾದ ಬಟ್ಟೆಯಿಂದ ಅಂಚನ್ನು ಒರೆಸುವುದರಿಂದ ರೋಗಾಣುಗಳ ಸಂಖ್ಯೆ ಸುಮಾರು ಶೇ. 90ರಷ್ಟು ಇಳಿಯುವುದೆಂದು ತಿಳಿದುಬಂತು. 1997ರಲ್ಲಿ ಪ್ರಕಟವಾದ, 681 ಜನರನ್ನು ಒಳಗೊಂಡ ಅಮೆರಿಕದ ಅಧ್ಯಯನವು ಪಾತ್ರೆಯಿಂದ ಕುಡಿಯುವವರು ಮತ್ತವರಿಗಿಂತ ಹೆಚ್ಚಾಗಿ ಕಾಯಿಲೆ ಬೀಳುವುದನ್ನು ಕಾಣಲಿಲ್ಲ. ಅಪಾಯವು ಶೂನ್ಯವೆಂದು ಇದರ ಅರ್ಥವಲ್ಲ, ಅಲ್ಪವೆಂದು ಅರ್ಥ. ಬೆಳ್ಳಿಯಾಗಲಿ ದ್ರಾಕ್ಷಾರಸದ ಮದ್ಯಾಂಶವಾಗಲಿ ಪಾತ್ರೆಯನ್ನು ನಿಶ್ಚಯವಾಗಿ ಶುದ್ಧಿಮಾಡುತ್ತದೆಂಬ ನಂಬಿಕೆಯೂ ಸರಿಯಲ್ಲ. ಒಣದ್ರಾಕ್ಷಿಯನ್ನು ನೆನೆಸಿ ಕುದಿಸಿದ ರಸವನ್ನು ಬಳಸುವಲ್ಲಿ ಮದ್ಯಾಂಶವೇ ಇರುವುದಿಲ್ಲವಾದ್ದರಿಂದ, ಅದನ್ನು ಅಂದೇ ತಯಾರಿಸಿ, ಉಳಿದದ್ದನ್ನು ಮರುವಾರಕ್ಕೆ ಇಡದಿರುವುದು ಒಳ್ಳೆಯದು.

ಸಭಾಪಾಲಕರು ವಿವೇಚಿಸಬೇಕಾದದ್ದು

ಇಷ್ಟೆಲ್ಲ ಹೇಳಿದ ಮೇಲೆ ಬಿಡಿ ಲೋಟದಲ್ಲಿ ಕುಡಿದವನಿಗೆ ಸಂಸ್ಕಾರವು ಲಭಿಸಲಿಲ್ಲವೆಂದು ಯಾರೂ ತಿಳಿಯಬಾರದು. ಕ್ರಿಸ್ತನ ವಾಗ್ದಾನವು ಲೋಹದ ಆಕಾರಕ್ಕೆ ಕಟ್ಟುಬಿದ್ದಿಲ್ಲ. ಆದರೆ ಚಿಹ್ನೆಯು ಬೋಧಿಸುತ್ತದೆ; ಚಿಹ್ನೆಯನ್ನು ಬದಲಿಸಿದರೆ ಬೋಧನೆಯೂ ಬದಲಾಗುತ್ತದೆ. ಆದ್ದರಿಂದ ಸಭೆಯೊಂದು ಒಂದೇ ಪಾತ್ರೆಯನ್ನು ಬಿಡುವಾಗ, ಯಾವ ಕಾರಣದಿಂದ ಬಿಡುತ್ತಿದೆ ಎಂಬುದನ್ನು ಸಭಾಪಾಲಕನು ಪ್ರಾರ್ಥನಾಪೂರ್ವಕವಾಗಿ ಪರೀಕ್ಷಿಸಬೇಕು. ರೋಗಕ್ಕೆ ಹೆದರುವವನು ಯಾರ ಎಂಜಲಿಗೂ ಒಂದೇ ಸಮನಾಗಿ ಹೆದರುತ್ತಾನೆ. ಕೆಲವರ ಎಂಜಲಿಗೆ ಮಾತ್ರ ಅಳುಕುವವನ ಭಯವು ರೋಗದ್ದಲ್ಲ. ಇಂಥವರ ನಂತರ ಕುಡಿಯಲಾರೆ, ಇಂಥ ಕೇರಿಯವರು ಬರುವ ಮುಂಚೆ ನನಗೆ ಕೊಡಿ ಎಂಬ ಮನಸ್ಸು ಸಭೆಯಲ್ಲಿದ್ದರೆ, ಬಿಡಿ ಲೋಟಗಳು ಆ ಪಾಪವನ್ನು ಗುಣಪಡಿಸುವುದಿಲ್ಲ. ಕಣ್ಣಿಗೆ ಕಾಣದಂತೆ ಮುಚ್ಚಿಡುತ್ತವೆ.

ಕೆಲವು ಪ್ರಾಯೋಗಿಕ ಸೂಚನೆಗಳು ಇಲ್ಲಿ ಅವಶ್ಯ. ಒಂದೇ ಪಾತ್ರೆಯನ್ನು ಬಳಸುವಲ್ಲಿ ಶುಭ್ರವಾದ ಒಂದಕ್ಕಿಂತ ಹೆಚ್ಚು ಬಟ್ಟೆಗಳಿರಲಿ. ಪ್ರತಿಯೊಬ್ಬರ ನಂತರ ಅಂಚನ್ನು ಒಳಗೂ ಹೊರಗೂ ಒರೆಸಿ ಪಾತ್ರೆಯನ್ನು ತಿರುಗಿಸಲಿ. ನೆಗಡಿ ಜ್ವರಗಳಿರುವವರು ರೊಟ್ಟಿಯನ್ನು ಮಾತ್ರ ಸ್ವೀಕರಿಸಿದರೂ ಅವರ ಪಾಲು ಕಡಿಮೆಯಾಗುವುದಿಲ್ಲವೆಂದು ಮುಂಚಿತವಾಗಿ ತಿಳಿಸಬೇಕು. ಅದ್ದಿ ಕೊಡುವಲ್ಲಿ ಸೇವಕನೇ ಅದ್ದಬೇಕು. ಹಲವರ ಬೆರಳು ರಸಕ್ಕೆ ತಾಗುವುದು ತುಟಿ ತಾಗುವುದಕ್ಕಿಂತ ಶುಚಿಯಲ್ಲ.

ಬಿಡಿ ಲೋಟಗಳನ್ನೇ ಬಳಸುವಲ್ಲಿ ಅವನ್ನು ಮೊದಲೇ ತುಂಬಿಸಿಟ್ಟು ಹಂಚುವುದಕ್ಕಿಂತ, ಸ್ತೋತ್ರಮಾಡಿದ ಒಂದೇ ಪಾತ್ರೆಯಿಂದ ಸಭೆಯ ಕಣ್ಣೆದುರಿನಲ್ಲಿ ಸುರಿಯುವುದು ಲೇಸು. ತಂಬಿಗೆಯಿಂದ ಹೊಯ್ದುಕೊಳ್ಳುವ ನಾಡಿಗೆ ಈ ಕ್ರಮವು ಸಹಜವಾಗಿ ಅರ್ಥವಾಗುತ್ತದೆ. ಆದರೆ ಹೊಯ್ಯುವ ಕೈ ಎತ್ತರದಲ್ಲಿಯೂ ಪಡೆಯುವ ಕೈ ತಗ್ಗಿನಲ್ಲಿಯೂ ಇರದಂತೆ ಎಚ್ಚರವಹಿಸಬೇಕು. ಬೊಗಸೆಯ ನೆನಪು ಕೆಲವರ ಮನೆಗಳಲ್ಲಿ ಇನ್ನೂ ಹಸಿಯಾಗಿದೆ. ಪಾತ್ರೆಯನ್ನು ಅವರ ಕೈಗೇ ಕೊಡುವುದು, ಹೆಸರು ಹಿಡಿದು ಕೊಡುವುದು, ಆ ನೆನಪಿಗೆ ಉತ್ತರವಾಗುತ್ತದೆ. ದಕ್ಷಿಣ ಭಾರತ ಸಭೆಯ 1950ರ ಆರಾಧನಾ ಕ್ರಮವು ಸುರಿಯಾನಿ ಪರಂಪರೆಯಿಂದ ಪಡೆದುಕೊಂಡ ಸಮಾಧಾನದ ವಿಧಿಯಲ್ಲಿ ಕೈಯಿಂದ ಕೈಗೆ ಸಮಾಧಾನವು ಸಾಗುತ್ತದೆ. ಅದು ನಾಮಮಾತ್ರಕ್ಕೆ ನಡೆಯದೆ ನಿಜವಾಗಿ ನಡೆದಲ್ಲಿ, ಪಾತ್ರೆಗೆ ಬರುವ ಮುಂಚೆಯೇ ಮುಟ್ಟುವಿಕೆಯ ಭಯವು ಅರ್ಧ ಕರಗಿರುತ್ತದೆ.

ಕಡೆಯದಾಗಿ, ಯಾರು ಮೊದಲು ಬರುತ್ತಾರೆ ಎಂಬುದನ್ನು ಗಮನಿಸಿರಿ. ಬೆಟಗೇರಿಯ ಹಳೆಯ ಸಭೆಯಲ್ಲಾಗಲಿ, ಮುಂಡರಗಿಯ ಕಡೆಯ ಹಳ್ಳಿಯೊಂದರ ಮನೆಕೂಟದಲ್ಲಾಗಲಿ, ಹಿರಿಯರು, ಉದ್ಯೋಗಸ್ಥರು, ಮುಂದಿನ ಸಾಲಿನ ಮನೆತನದವರು ಸದಾ ಮೊದಲು ಬರುವ ರೂಢಿ ತಾನಾಗಿ ಬೆಳೆಯುತ್ತದೆ. ಒಬ್ಬರಿಗಾಗಿ ಒಬ್ಬರು ಕಾದುಕೊಳ್ಳಬೇಕೆಂದು ಪೌಲನು ಕೊರಿಂಥದವರಿಗೆ ಬರೆದದ್ದು (11:33) ಇಂಥ ರೂಢಿಗಾಗಿಯೇ. ಒಮ್ಮೆ ಹಿಂದಿನ ಸಾಲಿನಿಂದ ಪ್ರಾರಂಭಿಸಿ ನೋಡಿರಿ. ಆಗ ಯಾರು ಪಾತ್ರೆಗೆ ಬರುತ್ತಾರೆ, ಯಾರು ಕುಳಿತೇ ಇರುತ್ತಾರೆ ಎಂಬುದು ನಿಮ್ಮ ಸಭೆಯಲ್ಲಿ ಮುಂದೆ ಯಾವ ವಾಕ್ಯವನ್ನು ಬೋಧಿಸಬೇಕೆಂಬುದನ್ನು ತಿಳಿಸುತ್ತದೆ.